ಉಂಡ್ರೇನ್ರಿ

ಪೋಸ್ಟರಿನ ಅಡಿಗೇ ಬರೆದಿದ್ದರು:
ಹಳೆಯ ಧಾರಾವಾಹಿ ನೋಡಿರಬೇಕೆಂದಿಲ್ಲ,
ಇದು ತನ್ನಷ್ಟಕ್ಕೆ ತಾನೇ ಪೂರ್ತಿ.
ಹುಸೇನಮ್ಮ ಓದಿ ನಕ್ಕಳು.
"ನಾವು ನೋಡೀವಿ. ಕೇಳಿಲ್ಲ ಅಷ್ಟ."

ಗುಡ್ಡದಷ್ಟು ಕಲ್ಲಿದ್ದಲು ಸುಟ್ಟು
ಶಕ್ತಿನಗರದಿಂದ ಎಲ್ಲೆಲ್ಲಿಗೋ ಹೊರಡುತ್ತಿತ್ತು ಕರೆಂಟು,
ದೇವಸೂಗೂರಿನ ನಮ್ಮ ಓಣಿಯ ನೆತ್ತಿಯ ಮೇಲೆ
ತಂತಿ ಗುಂಯ್‌ಗುಟ್ಟಿಸುತ್ತ.
ನಮಗೆ ಚಿಮಣಿ ಎಣ್ಣೆ.
ಅದಕ್ಕೇ ಗುರುವಾರ ರಾತ್ರಿ ಕಾಲೊನಿಗೆ ಓಟ,
ಎಂಜಿನಿಯರ ಮನೆಯ ಹಿಂದಿನ ಕಿಟಕಿಗೆ.
ಬೂದಿ ಬರುತ್ತದೆಂದು ಅವರು ಗಾಜು ತೆರೆದದ್ದೇ ಇಲ್ಲ.
ಒಳಗೆ ಏಳನೇ ಕಕ್ಷೆಯಲ್ಲಿ ನೌಕೆ ತೇಲುತ್ತಿತ್ತು,
ಕಪ್ತಾನ ಬಾಯಿ ತೆರೆಯುತ್ತಿದ್ದ,
ಮಾತು ಹುಸೇನಮ್ಮನದು.

"ಎಣ್ಣಿ ಮುಗ್ಯಾಕ ಬಂತಲೇ, ಭೂಮಿ ಎಲ್ಲೈತಿ ನೋಡು."
"ಕಾಣವಲ್ದ್ರಿ ಸಾಹೇಬ್ರ, ಬರೇ ಬೂದಿ."
ತಗಡಿನ ರೋಬೋಟು ಕೆಂಪು ಕಣ್ಣು ಮಿಟುಕಿಸಿದಾಗಲೆಲ್ಲ
ಒಂದೇ ಪ್ರಶ್ನೆ, ಮೂಗಿನಲ್ಲಿ:
"ಉಂಡ್ರೇನ್ರಿ?"
ಲಂಗದ ಅಂಚು ಬಾಯಿಗೆ ತುರುಕಿಕೊಂಡು ನಗುತ್ತಿದ್ದೆ ನಾನು.
ಕೇಳಿದವಳೇ ಉಂಡಿರಲಿಲ್ಲವೆಂದು ಹೊಳೆಯಲು
ಎಷ್ಟು ವರ್ಷ ಬೇಕಾಯಿತು.

ಹನ್ನೊಂದನೇ ವಾರಕ್ಕೆ ನಿಂತುಹೋಯಿತು.
ನೌಕೆ ಅಲ್ಲೇ, ಬಾಗಿಲು ಅರ್ಧ ತೆರೆದು.
ಮುಂದಿನ ಗುರುವಾರ ಆ ಹೊತ್ತಿಗೆ
ಯಾರೋ ಒಬ್ಬರು ವೀಣೆ ನುಡಿಸುತ್ತಿದ್ದರು.
ಅದಕ್ಕೂ ಮಾತು ಹಚ್ಚಿದಳು ಇವಳು.

ಈಗ ರಾಯಚೂರು, ಮ್ಯಾಟಿನಿ, ಎ.ಸಿ.
ಬೂದಿ ಇಟ್ಟಿಗೆಯ ಫ್ಯಾಕ್ಟರಿಗೆ ರಜೆ ಹೇಳಿ ಬಂದಿದ್ದಾಳೆ,
ಉಗುರ ಸಂದಿಯಲ್ಲಿ ಅದೇ ಬಣ್ಣ.
ಸ್ಪೀಕರುಗಳು ಎದೆಗೇ ಗುದ್ದುತ್ತವೆ.
ಹೊಸ ನೌಕೆ, ಕಪ್ತಾನಳೂ ಹೊಸಬಳು.
ಹಳೆಯದೆಂದರೆ ಆ ರೋಬೋಟು ಒಂದೇ,
ಉಗ್ರಾಣದ ಮೂಲೆಯಲ್ಲಿ ಧೂಳು ಹಿಡಿದು.
ಒರೆಸುತ್ತಾರೆ. ಕಣ್ಣು ಕೆಂಪಾಗುತ್ತದೆ.
"ಆದೇಶಕ್ಕಾಗಿ ಕಾಯುತ್ತಿದ್ದೇನೆ" ಎನ್ನುತ್ತದೆ,
ರೇಡಿಯೊ ವಾರ್ತೆಯಂಥ ಗಟ್ಟಿ ದನಿ.

ಇಷ್ಟು ವರ್ಷ ಇದು ಗಂಡಸಾಗಿತ್ತೇ?

ಮುಂದಿನ ಸಾಲಿನ ಹುಡುಗರು ಸೀಟಿ ಹೊಡೆದರು.
ಹುಸೇನಮ್ಮ ಅಲುಗಲಿಲ್ಲ.
ತುಟಿ ಮಾತ್ರ ಒಮ್ಮೆ ಆಡಿ ನಿಂತಿತು,
ಬಸ್ಸು ಹೊರಟಮೇಲೆ ಎತ್ತಿದ ಕೈಯ ಹಾಗೆ.
ಪರದೆ ತುಂಬ ಭೂಮಿ ಬಂತು, ನೀಲಿ,
ಒಂದು ಚೂರು ಬೂದಿಯಿಲ್ಲ.

ಇಂಟರ್‌ವಲ್.
ಗೇಟಿನವನ ಕಣ್ಣು ತಪ್ಪಿಸಿ ಸೆರಗಲ್ಲಿ ತಂದಿದ್ದ
ಮಂಡಾಳು ಮಿರ್ಚಿಯ ಪೊಟ್ಟಣ ಬಿಚ್ಚಿದೆ.
ನನಗೆ ಅಷ್ಟು ಚೆನ್ನಾಗಿ ಬರುವುದಿಲ್ಲ,
ಆದರೂ ಮೂಗು ಹಿಡಿದುಕೊಂಡು ಕೇಳಿದೆ:
"ಉಂಡ್ರೇನ್ರಿ?"

ತಡವಾಯಿತು.
ಆಮೇಲೆ ಕೈ ಚಾಚಿದಳು,
ದನಿ ಗಟ್ಟಿ ಮಾಡಿಕೊಂಡು, ಥೇಟ್ ವಾರ್ತೆಯವರಂತೆ:
"ಆದೇಶಕ್ಕಾಗಿ ಕಾಯುತ್ತಿದ್ದೆ."