ಗ್ಲಿನ್‌ನ ವೇಳೆ

ವೇಲ್ಸಿನ ಅಳಿವೆಯಲ್ಲಿ ಕಪ್ಪೆಚಿಪ್ಪು ಹೆಕ್ಕುವ ನೆಸ್ಟಾಳಿಗೆ
ಗಡಿಯಾರ ಎರಡು.
ಗೋಡೆಯದು ಸರ್ಕಾರದ ಮಾತು ಕೇಳುತ್ತದೆ:
ಮಾರ್ಚಿಯ ಕೊನೆಯ ಭಾನುವಾರ ಒಂದು ಗಂಟೆ ನುಂಗಿ
ಅಕ್ಟೋಬರಿನಲ್ಲಿ ಕಕ್ಕುತ್ತದೆ.

ಇನ್ನೊಂದು ಕೈಗಡಿಯಾರ, ತೀರಿಹೋದ ಗ್ಲಿನ್‌ನದು.
ಬೇಸಿಗೆಯಲ್ಲೂ ಅದಕ್ಕೆ ಗ್ರೀನಿಚ್ಚಿನದೇ ವೇಳೆ,
ಉಬ್ಬರ ಇಳಿತದ ಪುಸ್ತಕದಲ್ಲಿ ಅಚ್ಚಾದ ವೇಳೆ.
‘ಒಂದು ಕೂಡಿಸಿಕೋ ಅಂತ
ಚಂದ್ರನಿಗೆ ಯಾರು ಹೋಗಿ ಹೇಳ್ತಾರೆ?’
ಅನ್ನುತ್ತಿದ್ದ, ಕೀ ಕೊಡುತ್ತ.

ಈ ಸಲ ಮೊಮ್ಮಗ ಇಡ್ರಿಸ್, ಪಾಪ, ಒಳ್ಳೆ ಮನಸ್ಸಿಂದ
ಅದನ್ನೂ ಸರಿಮಾಡಿಟ್ಟ.

ಸೋಮವಾರ ನಸುಕಿಗೆ ಕುಂಟೆ, ಜರಡಿ ಹೊತ್ತು
ಅವಳು ಹೋದರೆ
ಮರಳದಿಬ್ಬ ಇನ್ನೂ ನೀರೊಳಗೆ.
ಪುಸ್ತಕ ನೋಡಿದಳು. ಮುಳ್ಳು ನೋಡಿದಳು.
ಬೂಟು ಮುಳುಗುವಷ್ಟು ದೂರ ಹೋಗಿ ನಿಂತಳು
ಪೂರಾ ಒಂದು ಗಂಟೆ
(ನಿನ್ನೆ ಗೋಡೆ ನುಂಗಿದ್ದೇ ಇರಬೇಕು ಅದು),
ಸಮುದ್ರ ತನ್ನ ಹೊತ್ತಿಗೆ ತಾನು
ಸರಿಯುವವರೆಗೆ.

ಮನೆಗೆ ಬಂದು ಬೈಯಲಿಲ್ಲ.
‘ಮುಂದಕ್ಕೆ ತಿರುಗಿಸಿದೆ, ಬದುಕಿಕೊಂಡೆ.
ಹಿಂದಕ್ಕೆ ತಿರುಗಿಸಿದ್ದರೆ
ಹುಡುಕಬೇಕಿತ್ತು ನೀವು ನನ್ನ’
ಎಂದವಳು, ಚಿಪ್ಪು ಬೇಯಲಿಟ್ಟು,
ಒದ್ದೆ ಬೆರಳಲ್ಲೇ
ಗ್ಲಿನ್‌ನನ್ನು ಅವನ ವೇಳೆಗೆ ಮರಳಿಸಿದಳು.