ಹದಿನೇಳನೆಯ ಆಣೆ

ಮೂವತ್ತಮೂರು ಅಡಿಗೆ ಒಂದು ಸರಪಳಿ,
ಒಂದು ಸರಪಳಿಗೆ ಹದಿನಾರು ಆಣೆ.
ಸರ್ವೆ ಕಚೇರಿಯ ಗೋಡೆಗಳೂ ಒಪ್ಪಿಕೊಂಡ ಲೆಕ್ಕ ಇದು.
ಒಪ್ಪದವರು ಒಬ್ಬರೇ, ಅಗರದ ಮುನಿಚೌಡಪ್ಪ.
ಒಂದು ತುದಿ ಅವರ ಕೈಲಿ, ಇನ್ನೊಂದು ನನ್ನ ಕೈಲಿ:
ನೀಲಸಂದ್ರದ ದಸ್ತಗೀರ, ದಿನಗೂಲಿ,
ಕಾಲಿಗೆ ಅಣ್ಣನ ಚಪ್ಪಲಿ.

ಲಾಲ್‌ಬಾಗಿನ ಬಂಡೆಯ ಮೇಲೆ ಒಂದು ಮಧ್ಯಾಹ್ನ
ಸರಪಳಿ ಬಿಗಿದು ಎಣಿಸಿದೆವು.
ಹದಿನೇಳು ಬಂತು.
ಮತ್ತೆ ಎಣಿಸಿದೆವು. ಹದಿನೇಳು.
ಬಿಸಿಲಿಗೆ ಕಬ್ಬಿಣ ಹಿಗ್ಗಿದೆ ಅಂದೆ.
"ಹಿಗ್ಗಿದ್ದು ಕಬ್ಬಿಣ ಅಲ್ವೋ, ನೆಲ" ಅಂದರು,
ತುಟಿಯ ಬೀಡಿಗೆ ಬೆಂಕಿ ಹಚ್ಚುವುದನ್ನೂ ಮರೆತು.

ಅಲ್ಲಿಂದ ಶುರು.
ಆ ಒಂದಾಣೆ ಜಾಗದಲ್ಲಿ ಕಾಲಿಟ್ಟರೆ ಬೇರೆ ಬೆಂಗಳೂರು.
ಮೆಜೆಸ್ಟಿಕ್ಕಿನ ಕೆರೆ ಇನ್ನೂ ತುಂಬಿಕೊಂಡಿದ್ದು,
ಕಂಡಕ್ಟರು ಹುಟ್ಟು ಹಾಕುತ್ತಾ
"ಒಳಗೆ ಹೋಗಿ, ಒಳಗೆ ಹೋಗಿ" ಅನ್ನುವುದು ಒಂದು.
ಸತ್ತವರು ಗುರುವಾರ ಮಾತ್ರ
ರೇಷನ್ ಕಾರ್ಡು ಹಿಡಿದು ಬರುವುದು ಒಂದು.
ನೂರು ವರ್ಷಕ್ಕೊಮ್ಮೆ ಬಂಡೆ ಉಸಿರು ಬಿಡುವುದು,
ಆ ದಿನ ಗಡಿಯಾರಗಳನ್ನೆಲ್ಲ ನಿಲ್ಲಿಸಿ
ಊರಿಗೆ ಊರೇ ನೆಲಕ್ಕೆ ಕಿವಿಗೊಟ್ಟು ಮಲಗುವುದು ಒಂದು.
ಇನ್ನೊಂದರಲ್ಲಿ ನಾನೇ ಸಿಕ್ಕಿದೆ, ಕಡಲೆಕಾಯಿ ಮಾರುತ್ತಾ.
ನನಗೇ ಎಂಟಾಣೆ ಕಮ್ಮಿ ಮಾಡಲಿಲ್ಲ.

ಎಲ್ಲ ಬರೆದಿಟ್ಟರು, ಹಳೇ ಖಾತೆ ಪುಸ್ತಕದ ಬೆನ್ನಿಗೆ,
ಸೀಸದ ಕಡ್ಡಿಯಲ್ಲಿ, ಪಹಣಿ ಬರೆಯುವ ಹಾಗೆ:
ಲೋಕದ ಚೆಕ್ಕುಬಂದಿ, ಮಣ್ಣಿನ ಬಣ್ಣ, ನೀರಿನ ಆಳ,
ಹಸಿದು ಬಂದವರಿಗೆ ಅಲ್ಲಿ ಮೊದಲು ಏನು ಕೊಡುತ್ತಾರೆ.
ಆ ಕೊನೆಯ ಕಾಲಂ
ಯಾವ ಇಲಾಖೆಯ ನಮೂನೆಯಲ್ಲೂ ಇಲ್ಲ.
ನಲವತ್ತೊಂದು ಲೋಕ. ಒಂದಕ್ಕೂ ತಮ್ಮ ಹೆಸರಿಡಲಿಲ್ಲ.

ಏಳನೆಯ ಬೆಂಗಳೂರಲ್ಲಿ
ಮಕ್ಕಳು ಅವರ ಸೂತ್ರಗಳನ್ನು ಮಗ್ಗಿಯಂತೆ ಒಪ್ಪಿಸುತ್ತವೆ.
ಹನ್ನೆರಡನೆಯದರಲ್ಲಿ ಎರಡು ಪಂಥವಾಗಿ ಬಡಿದಾಡುತ್ತಿದ್ದಾರೆ,
ಸರಪಳಿಯನ್ನು ಮುಂದಿನವ ಎಳೆಯಬೇಕೋ, ಹಿಂದಿನವ ಬಿಡಬೇಕೋ ಅಂತ.
ಹಿಂದಿನವ ನಾನು. ನನ್ನನ್ನು ಯಾರೂ ಕೇಳಿಲ್ಲ.
ಇಪ್ಪತ್ತನೆಯದರಲ್ಲಿ ಅವರ ತಲೆಗೆ ಬೆಲೆ ಕಟ್ಟಿದ್ದಾರೆ, ಗಡಿಗಳ್ಳ ಅಂತ.
ಇಲ್ಲಿ, ನಮ್ಮಲ್ಲಿ,
ಪಿಂಚಣಿ ಫೈಲು ಮೂರನೆಯ ಮಹಡಿಯಲ್ಲಿತ್ತು,
"ಸರಪಳಿಯಲ್ಲಿ ಹೆಚ್ಚುವರಿ ಕೊಂಡಿ ಒಂದು,
ವಿವರಣೆ ನೀಡತಕ್ಕದ್ದು" ಎಂಬ ಷರಾ ಹೊತ್ತು.
ಅವರು ಹೋದರು. ಫೈಲು ಅಲ್ಲೇ ಇದೆ.

ನಲವತ್ತೆರಡನೆಯದು ಪುಸ್ತಕದಲ್ಲಿಲ್ಲ.
ಹೊಲಿಗೆಯ ಬಳಿ ಹರಿದ ಹಾಳೆಯ ಹಲ್ಲುಗಳು ಮಾತ್ರ.
ಏಳನೆಯದರ ಪಂಡಿತರು ಆ ಹಲ್ಲುಗಳ ಮೇಲೆ ಸಂಪುಟ ತಂದಿದ್ದಾರೆ:
ಅಲ್ಲಿ ದೇವರಿದ್ದ, ಅಲ್ಲಿ ಬಯಲಿತ್ತು, ಅಲ್ಲಿ ಲೆಕ್ಕ ತಪ್ಪಿತ್ತು.

ನಾನಿದ್ದೆ ಅಲ್ಲಿ.
ಕೋರಮಂಗಲ, ಮೋರಿಯ ಪಕ್ಕ, ಸಂಜೆ ಆರು, ಒಂದೇ ಹೆಜ್ಜೆ.
ಬೆಂಗಳೂರೇ ಇಲ್ಲ.
ಹುಲ್ಲು. ಕೆರೆ. ಯಾರೂ ಹೆಸರಿಡದ ಕೆರೆ.
ಮನುಷ್ಯನಿಗೆ ಹೆದರುವುದನ್ನು ಇನ್ನೂ ಕಲಿಯದ ಒಂದು ಕೊಕ್ಕರೆ.
ಮುನಿಚೌಡಪ್ಪ ಸರಪಳಿ ಬಿಚ್ಚಲಿಲ್ಲ,
ಚಪ್ಪಲಿ ಬಿಚ್ಚಿದರು.
"ಸರ್ವೆ ಆದ್ಮೇಲೆ ಸೈಟು, ಗೊತ್ತಲ್ಲ" ಅಂದರು.
ಬಹಳ ಹೊತ್ತಾದ ಮೇಲೆ ಇನ್ನೊಂದು ಮಾತು.
ಅಳೀಬೇಡ ಕಣೋ ಅಂದರೋ, ಅಳಬೇಡ ಅಂದರೋ,
ಗಾಳಿ ಜೋರಾಗಿತ್ತು.
ಒಂದನ್ನು ಪಾಲಿಸಿದ್ದೇನೆ.

ಆ ರಾತ್ರಿ ಹಾಳೆಗೆ ಕಡ್ಡಿ ಗೀರಿ, ಆ ಉರಿಯಲ್ಲೇ ಬೀಡಿ ಹಚ್ಚಿಕೊಂಡರು.

ಹದಿನಾರಾಣೆ ಸತ್ಯ ಹೇಳು ಅನ್ನುತ್ತಾರೆ ಜನ.
ಹದಿನೈದು ಹೇಳಿದ್ದೇನೆ. ಅದು ಕೋರಮಂಗಲ ಅಲ್ಲ.
ಹದಿನೇಳನೆಯದು, ಆ ಹೆಚ್ಚುವರಿ ಕೊಂಡಿ,
ನನ್ನ ಬೀಗದ ಕೈ ಗೊಂಚಲಲ್ಲಿದೆ.
ಕೆಲವು ಸಂಜೆ, ನಲ್ಲಿಯಲ್ಲಿ ನೀರಿಲ್ಲದ ಏಪ್ರಿಲ್‌ನಲ್ಲೂ,
ಮನೆಗೆ ಬಂದು ನೋಡಿದರೆ
ಜೇಬು ಒದ್ದೆ.