ಪವರ್ಗ

ಡೆಲ್ಬರ್ಟ್ ಹಾಯ್ಟ್, ನೀನು ತೀರಿಕೊಂಡ ಸುದ್ದಿ
ಮೂರೇ ಸಾಲಿನಲ್ಲಿ ಬಂದಿತ್ತು,
ಭಾನುವಾರದ ಮೆಗಾಬ್ಲಾಕ್ ಪ್ರಕಟಣೆಯ ಕೆಳಗೆ.
ಮೀರಾ ರೋಡಿನಿಂದ ಹೊರಟ ಸ್ಲೋ ಗಾಡಿಯಲ್ಲಿ
ಎದುರು ನಿಂತವರ ಪೇಪರಿನ ಬೆನ್ನಲ್ಲಿ ಓದಿದೆ.
ಬೊರಿವಲಿ ಬಂತು, ಅವರು ಪುಟ ಮಡಚಿದರು,
ನಿನಗೆಷ್ಟು ವಯಸ್ಸಾಗಿತ್ತೆಂಬುದು ಮಡಿಕೆಯೊಳಗೆ ಹೋಯಿತು.

ನಮಗಿಬ್ಬರಿಗೂ ಪರಿಚಯವಿರಲಿಲ್ಲ.
ಹನ್ನೊಂದು ವರ್ಷ ನಿನ್ನ ಬಾಯಲ್ಲಿ ನಾನಿದ್ದೆ, ಅಷ್ಟೆ.

ಅಂಧೇರಿ. ಹಿಟ್ಟಿನ ಗಿರಣಿಯ ಮೇಲಿನ ಮಾಳಿಗೆ.
ಗೋಡೆಗೆ ಹಳೇ ಹಾಸಿಗೆ ಬಡಿದ ಕೋಣೆ.
ಶುರುವಿಗೆ ಮುಂಚೆ ಏಸಿ ಬಂದ್,
ಗಿರಣಿಯವನಿಗೆ ಕಿಟಕಿಯಿಂದ ಒಂದು ಕೂಗು: ಥಾಂಬ್ ರೇ!
ಆಮೇಲೆ ಪರದೆಯ ಮೇಲೆ ನೀನು,
ಬಾಗಿಲು ತಟ್ಟದೆ ಅಡುಗೆಮನೆಗೆ ನುಗ್ಗುವ
ಪಕ್ಕದ ಮನೆಯ ಪ್ಲಂಬರ್,
ನಲ್ಲಿ ಸರಿಮಾಡಲು ಬಂದು ಗೋಡೆ ಒಡೆದು ಹೋಗುವವನು.
ಕಂತಿಗೆ ನನಗೆ ನಾನೂರು ರೂಪಾಯಿ,
ಕೆಮ್ಮು, ಸೀನು, ತೇಗು ಅದರಲ್ಲೇ ಸೇರಿ.

ಕಷ್ಟ ಮಾತಿನದಲ್ಲ, ತುಟಿಯದು.
ನಿನ್ನ ತುಟಿ ಸೇರಿದಲ್ಲೆಲ್ಲ ನನಗೊಂದು ಪವರ್ಗ ಬೇಕು.
ಹಿಂದಿ ಬರೆಯುತ್ತಿದ್ದ ಚತುರ್ವೇದಿಗೆ
ಇದು ಕೊನೆವರೆಗೂ ತಲೆಗೆ ಹತ್ತಲಿಲ್ಲ.
ನನಗೆ ಹೇಳಿಕೊಟ್ಟವರು ಫೋರ್ಟಿನ ರಾತ್ರಿಶಾಲೆಯ ಐತಪ್ಪ ಮಾಸ್ತರು.
ಹಗಲಿಡೀ ಸಾಸರು ತೊಳೆದು
ಬೆರಳು ಸುಕ್ಕಾಗಿ ಬಂದ ನಮ್ಮೆದುರು ಮೇಜು ಗುದ್ದಿ:
ಉಳಿದವು ಬಾಯಿ ತೆರೆದಿದ್ದರೂ ನಡೆಯುತ್ತದೆ ಮಕ್ಕಳೇ,
ಪ ಫ ಬ ಭ ಮ,
ಇವಕ್ಕೆ ತುಟಿ ತುಟಿಯನ್ನು ಮುಟ್ಟಲೇಬೇಕು.
ಹುಡುಗರು ನಕ್ಕೆವು.
ಅವರು ನಗು ಮುಗಿಯಲು ಕಾದು, ಮತ್ತೆ ಪ ಎಂದರು.

ನಿನ್ನ ನಗು ಬೇರೆ ಟ್ರ್ಯಾಕಿನಲ್ಲಿ ಅಮೆರಿಕದಿಂದಲೇ ಬರುತ್ತಿತ್ತು.
ಅದಕ್ಕೆ ಡಬ್ಬಿಂಗ್ ಬೇಡ.
ಹಿಂದಿಯಲ್ಲಿ ಜೋಕು ಸತ್ತುಹೋಗಿದ್ದರೂ
ನಗುವವರು ತಮ್ಮ ಹೊತ್ತಿಗೆ ಬಂದು ನಕ್ಕು ಹೋಗುವರು,
ಬೊಜ್ಜಕ್ಕೆ ಬಂದು ಉಂಡು ಹೋಗುವ ದೂರದ ನೆಂಟರ ಹಾಗೆ.

ಆರನೇ ವರ್ಷ ನಿನ್ನ ಮುಖ ಊದಿತು.
ಯಾರೂ ಹೇಳಲಿಲ್ಲ, ನಿನ್ನ ಸಕಾರ ಜಾರುವಾಗ ನನಗೇ ತಿಳಿಯಿತು,
ಬೆಳಗ್ಗೆಯೇ ಕುಡಿದವನ ಉಸಿರು.
ನಗುವವರು ಇನ್ನೂ ಜೋರಾಗಿ ನಕ್ಕರು.
ಒಂದು ಕಂತಿನಲ್ಲಿ ಬೆರಳಿಗೆ ಉಂಗುರವಿರಲಿಲ್ಲ,
ಬಿಳಿ ಗೆರೆ ಮಾತ್ರ.
ಅದಕ್ಕೆ ಚತುರ್ವೇದಿ ಏನೂ ಬರೆದಿರಲಿಲ್ಲ.

ನನ್ನನ್ನು ರಸ್ತೆಯಲ್ಲಿ ಯಾರೂ ಗುರುತು ಹಿಡಿಯಲಿಲ್ಲ.
ಗ್ಯಾಸ್ ಬುಕಿಂಗಿಗೆ ಫೋನು ಮಾಡಿದರೆ ಮಾತ್ರ
ಆಚೆಯ ಹುಡುಗಿ ಕಿಸಕ್ಕೆಂದು
ನಲ್ಲಿ ಸರಿಯಾಯ್ತಾ ಅಂಕಲ್, ಎನ್ನುವಳು.
ಸಿಲಿಂಡರು ಎಂದಿನಂತೆ ಹನ್ನೆರಡು ದಿನಕ್ಕೆ ಬರುವುದು.
ಹೆಂಡತಿ ವಾರಿಜ ಒಮ್ಮೆ ಅಂದಳು:
ಜಗಳದಲ್ಲಾದರೂ ನಿಮ್ಮದೇ ದನಿಯಲ್ಲಿ ಬೈಯಿರಿ.

ಶೋ ನಿಂತಿತು. ಕಿವಿಯ ಮಿಷನ್ನಿನ ಜಾಹೀರಾತಿನಲ್ಲಿ
ನಿನ್ನನ್ನು ಕಂಡೆವೆಂದರು ಯಾರೋ.
ಒಂದು ಪತ್ತೇದಾರಿ ಸೀರಿಯಲ್ಲಿನಲ್ಲಿ ನೀನು ಹೆಣವಾಗಿದ್ದೆ,
ನಾನೇ ನೋಡಿದೆ.
ಹೆಣಕ್ಕೆ ಮಾತಿಲ್ಲ, ನನಗೆ ಕರೆ ಬರಲಿಲ್ಲ.

ಹೋದ ವರ್ಷ ಕರೆದರು. ನಿನ್ನ ಸಂದರ್ಶನ.
ಗಿರಣಿಯಲ್ಲೀಗ ಜಿಮ್ಮು, ಯಾರನ್ನೂ ನಿಲ್ಲಿಸಿ ಕೂಗಬೇಕಿಲ್ಲ.
ಮೊದಲ ಸಲ ನೀನು ನಿನ್ನ ಹೆಸರಲ್ಲೇ ಮಾತಾಡುತ್ತಿದ್ದೆ.
ನಗುವವರಿರಲಿಲ್ಲ.
ಆದರೂ ಪ್ರತಿ ಮಾತು ಮುಗಿದಾಗ ಒಂದು ಗಳಿಗೆ ನಿಲ್ಲುತ್ತಿದ್ದೆ,
ಅವರಿಗೆ ಜಾಗ ಬಿಟ್ಟು.

ನಿನ್ನ ನಕಲಿಗೆ ಮೊದಲು ನಕ್ಕವರು ಯಾರು, ಕೇಳಿದರು.
ನೀನು ಬಾಯಿ ತೆರೆದೆ.
ಸದ್ದಿಲ್ಲದೆ ತುಟಿ ಸೇರಿಸಿದೆ.
ನನ್ನ ಹಾಳೆಯಲ್ಲಿ ಆ ಜಾಗಕ್ಕೆ ಬರೀ ಚುಕ್ಕಿಗಳು.
ಅಭ್ಯಾಸದ ಬಾಯಿ, ಸುಮ್ಮನಿರಲಿಲ್ಲ:
ಅಪ್ಪೆ, ಅಂದುಬಿಟ್ಟೆ,
ಹಿಂದಿಯಲ್ಲ, ಮಾಸ್ತರ ಕನ್ನಡವೂ ಅಲ್ಲ,
ತಾಯಿಯನ್ನು ಕರೆಯುತ್ತಿದ್ದ ತುಳು.

ಹೆಡ್‌ಫೋನಿನ ಹುಡುಗ ತಲೆಯೆತ್ತಿ ನೋಡಿದ.
ಅಳಿಸಬಹುದಿತ್ತು.
ಒಂದೂವರೆ ಗಂಟೆ,
ಡಬ್ಬಾ ಬಂದು ಬಾಗಿಲಲ್ಲಿತ್ತು.